ಕ್ಲೀವ್‌ಲ್ಯಾಂಡ್ ಬ್ರೌನ್ಸ್ ಇತಿಹಾಸ 1946ರಿಂದ ಲೆಕ್ಕಾನಾ, 1999ರಿಂದಾನಾ?

ಎರೀ_ದಂಡೆ:
ಆಫೀಸಲ್ಲಿ ಈ ಜಗಳ ಮುಗಿಯೋ ಲಕ್ಷಣ ಕಾಣ್ತಿಲ್ಲ, ಅದಕ್ಕೆ ಇಲ್ಲಿಗೆ ತಂದಿದೀನಿ. ರೆಕಾರ್ಡ್ ಬುಕ್ ತೆಗೆದ್ರೆ ಬ್ರೌನ್ಸ್ 1946ರಲ್ಲಿ ಹುಟ್ಟಿದ ಅಮೆರಿಕನ್ ಫುಟ್‌ಬಾಲ್ ಟೀಮು, ಅಲ್ಲಿನ ದೊಡ್ಡ ಲೀಗು ಎನ್‌ಎಫ್‌ಎಲ್‌ನಲ್ಲಿ ಚಾಂಪಿಯನ್ 4 ಸಲ (1950, 54, 55, 64), ಅದಕ್ಕೂ ಮುಂಚೆ ಎಎಎಫ್‌ಸಿ ಅನ್ನೋ ಇನ್ನೊಂದು ಲೀಗಲ್ಲಿ ಸತತ 4 ಸಲ. ಸರಿ. ಆದ್ರೆ 1995ರ ಸೀಸನ್ ಮುಗಿದ್ಮೇಲೆ ಓನರ್ರು, ಪ್ಲೇಯರ್ಸು, ಆಫೀಸು, ಎಲ್ಲಾ ಗಂಟುಮೂಟೆ ಕಟ್ಕೊಂಡು ಬಾಲ್ಟಿಮೋರ್‌ಗೆ ಹೋಗಿ ರೇವನ್ಸ್ ಆದ್ರು. 96, 97, 98 ಇಲ್ಲಿ ಟೀಮೇ ಇಲ್ಲ. 99ರಲ್ಲಿ ಬೇರೆ ಓನರ್, ಬೇರೆ ಪ್ಲೇಯರ್ಸ್, ಹೊಸ ಸ್ಟೇಡಿಯಂ, ಹಳೇ ಹೆಸರು. ಇದು ಹೊಸ ಟೀಮು ಕಣ್ರೀ. ಹಳೇ ಟೀಮಿನ ಸ್ಟಾರ್ ಜಿಮ್ ಬ್ರೌನ್ ಬಾಲ್ ಹಿಡ್ಕೊಂಡು ಓಡಿದ ಯಾರ್ಡನ್ನೆಲ್ಲಾ ಇವರ ಖಾತೆಗೆ ಬರೆಯೋದು ಯಾವ ನ್ಯಾಯ? ಬೈಬೇಡಿ, ವಾದ ಮಾಡಿ.

ಹಳೇ_ಸೀಟು:
ವಾದ ಆಮೇಲೆ ಮಾಡೋಣ, ಮೊದ್ಲು ಆ 1946 ಏನು ಅಂತ ತಿಳ್ಕೊಳಿ. ಅದರ ಹಿಂದಿನ ವರ್ಷದ ತನಕ ಊರಲ್ಲಿ ಇದ್ದಿದ್ದು ರ್‍ಯಾಮ್ಸ್, ಅವರು ಲಾಸ್ ಏಂಜಲೀಸ್‌ಗೆ ಹೋದ್ರು. ಇತ್ತ ಹೊಸ ಲೀಗಲ್ಲಿ ಹೊಸ ಟೀಮ್ ಕಟ್ಟಿದವರು ಮಿಕ್ಕಿ ಮೆಕ್‌ಬ್ರೈಡ್, ಟ್ಯಾಕ್ಸಿ ಕಂಪನಿ ಓನರ್ರು. ಟೀಮಲ್ಲಿ ಜಾಗ ಸಿಗದ ಆದ್ರೆ ಬಿಟ್ಕೊಡೋಕೂ ಮನಸ್ಸಿಲ್ಲದ ಪ್ಲೇಯರ್‌ಗಳಿಗೆ ಟ್ಯಾಕ್ಸಿ ಕಂಪನಿ ಲೆಕ್ಕದಲ್ಲಿ ಸಂಬಳ ಕೊಡ್ತಿದ್ರು, ಟ್ಯಾಕ್ಸಿ ಸ್ಕ್ವಾಡ್ ಅನ್ನೋ ಮಾತು ಬಂದಿದ್ದೇ ಅಲ್ಲಿಂದ. ಕೋಚ್ ಪಾಲ್ ಬ್ರೌನ್. ಒಹಾಯೋದ ಮ್ಯಾಸಿಲನ್ ಹೈಸ್ಕೂಲಲ್ಲಿ, ಆಮೇಲೆ ಒಹಾಯೋ ಸ್ಟೇಟಲ್ಲಿ ಗೆದ್ದು ಬಂದ ಮನುಷ್ಯ. ಪ್ಲೇಯರ್‌ಗಳನ್ನ ಕ್ಲಾಸಲ್ಲಿ ಕೂರಿಸಿ ನೋಟ್ಸ್ ಬರೆಸ್ತಿದ್ರು, ಎದುರಾಳಿ ಆಟದ ಫಿಲ್ಮ್ ಹಾಕಿ ತೋರಿಸ್ತಿದ್ರು, ಬುದ್ಧಿಮತ್ತೆ ಪರೀಕ್ಷೆ ಇಡ್ತಿದ್ರು, ಪ್ರತಿ ಪ್ಲೇ ಏನಾಡಬೇಕು ಅನ್ನೋದನ್ನ ಸೈಡ್‌ಲೈನಿಂದ ಗಾರ್ಡ್ ಜಾಗದಲ್ಲಿ ಆಡೋ ಒಬ್ಬ ಪ್ಲೇಯರ್ ಕೈಲಿ ಹೇಳಿ ಕಳಿಸ್ತಿದ್ರು. ಈಗ ಎಲ್ಲಾ ಟೀಮೂ ಮಾಡೋ ಕೆಲಸ, ಅವಾಗ ನಗಾಡ್ತಿದ್ರು.

ಇನ್ನೊಂದು, ಇದನ್ನ ಜನ ಮರೆತುಬಿಡ್ತಾರೆ. ಮೇರಿಯನ್ ಮೋಟ್ಲಿ, ಬಿಲ್ ವಿಲ್ಲಿಸ್ ಇಬ್ಬರು ಕಪ್ಪು ಆಟಗಾರರನ್ನ 1946ರಲ್ಲೇ ಟೀಮಿಗೆ ತಗೊಂಡ್ರು. ಬೇಸ್‌ಬಾಲಲ್ಲಿ ಜಾಕಿ ರಾಬಿನ್ಸನ್ ಬಂದಿದ್ದು 1947. ಆ 1946ರಲ್ಲೇ ಮಯಾಮಿಗೆ ಮ್ಯಾಚಿಗೆ ಹೋಗುವಾಗ ಈ ಇಬ್ಬರನ್ನ ಕರ್ಕೊಂಡು ಹೋಗಕ್ಕಾಗ್ಲಿಲ್ಲ, ಫ್ಲೋರಿಡಾದಲ್ಲಿ ಕಾನೂನೂ ಅಡ್ಡ, ಬೆದರಿಕೆ ಪತ್ರ ಬೇರೆ. ಇಬ್ಬರೂ ಈಗ ಹಾಲ್ ಆಫ್ ಫೇಮಲ್ಲಿದಾರೆ, ಆ ಹಾಲ್ ಇರೋದು ಮೋಟ್ಲಿ ಬೆಳೆದ ಕ್ಯಾಂಟನ್ ಊರಲ್ಲೇ.

ಪೇಡೆ_ಪ್ರಿಯ:
ಅಲ್ರೀ ಅಣ್ಣಾರ, ನಾ ಈಗಷ್ಟ ಈ ಆಟ ನೋಡಾಕ ಶುರು ಮಾಡೇನಿ, ನಕ್ಕರ ನಗ್ರಿ. ಹೆಲ್ಮೆಟ್ ನೋಡಿದ್ರ ಕಿತ್ತಳಿ ಬಣ್ಣ, ಹೆಸರು ನೋಡಿದ್ರ ಬ್ರೌನ್ಸ್, ಮ್ಯಾಲ ಒಂದು ಚಿತ್ರಾನೂ ಇಲ್ಲ, ಉಳಿದವರಿಗೆಲ್ಲಾ ಹದ್ದು ಕುದುರಿ ಏನೇನೋ ಅದಾವ. ಮತ್ತ ಈ ಡೌನ್ ಡೌನ್ ಅಂತಾರಲ್ರಿ ಅದೇನದು?

ಅಂಕಿಸಂಖ್ಯೆ:
ಡೌನ್ ಅಂದ್ರೆ ಒಂದು ಛಾನ್ಸು. 4 ಛಾನ್ಸಲ್ಲಿ 10 ಯಾರ್ಡ್ ಮುಂದೆ ಹೋದ್ರೆ ಮತ್ತೆ 4 ಸಿಗುತ್ತೆ, ಆಗ್ಲಿಲ್ಲಾಂದ್ರೆ ಬಾಲು ಅವರಿಗೆ. ಕೊನೇ ಗೆರೆ ದಾಟಿದ್ರೆ ಟಚ್‌ಡೌನ್ 6, ದೂರದಿಂದ ಕಂಬದ ನಡುವೆ ಒದ್ರೆ ಫೀಲ್ಡ್ ಗೋಲ್ 3. ಇಷ್ಟು ಗೊತ್ತಿದ್ರೆ ಈ ಥ್ರೆಡ್ಡಿಗೆ ಸಾಕು. ಹೆಸರು ಕೋಚ್ ಪಾಲ್ ಬ್ರೌನ್ ಅವರದ್ದೇ. ಎನ್‌ಎಫ್‌ಎಲ್‌ನಲ್ಲಿ ಹೆಲ್ಮೆಟ್ ಮೇಲೆ ಲೋಗೋ ಇಲ್ದೇ ಇರೋ ಟೀಮು ಇದೊಂದೇ.

ಎಎಎಫ್‌ಸಿ ಲೆಕ್ಕ: 4 ಸೀಸನ್, 47 ಗೆಲುವು 4 ಸೋಲು 3 ಡ್ರಾ. 1948ರಲ್ಲಿ ಒಂದೂ ಸೋಲಿಲ್ಲ, ಫೈನಲ್ ಸೇರಿ 15-0. ಪರ್ಫೆಕ್ಟ್ ಸೀಸನ್ ಅಂದ್ರೆ ಎಲ್ಲರೂ 1972ರ ಮಯಾಮಿ ಡಾಲ್ಫಿನ್ಸ್ ಅಂತಾರೆ, ಇದನ್ನ ಯಾರೂ ಎತ್ತೋದೇ ಇಲ್ಲ.

ಹಳೇ_ಸೀಟು:
ಎತ್ತಲ್ಲ ಯಾಕಂದ್ರೆ ಅದು ಬಿ ಗ್ರೇಡ್ ಲೀಗು ಅಂತ ಆಗಿನ ಎನ್‌ಎಫ್‌ಎಲ್ ಜನಾನೇ ಹೇಳ್ತಿದ್ರು. 1950ರಲ್ಲಿ ಲೀಗ್ ಮುಚ್ಚಿ ಬ್ರೌನ್ಸ್ ಎನ್‌ಎಫ್‌ಎಲ್‌ಗೆ ಬಂದಾಗ ಮೊದಲ ಮ್ಯಾಚೇ ಹಿಂದಿನ ಎರಡು ವರ್ಷದ ಚಾಂಪಿಯನ್ ಫಿಲಡೆಲ್ಫಿಯಾ ಈಗಲ್ಸ್ ಮೇಲೆ, ಅವರ ಊರಲ್ಲಿ, 70 ಸಾವಿರಕ್ಕೂ ಮೇಲೆ ಜನ. ಬೇಕೂಂತ್ಲೇ ಹಾಕಿದ್ದು, ಮೊದಲ ದಿನಾನೇ ಮೂಗು ಮುರಿಯೋಣ ಅಂತ. 35-10. ಯಾರ ಮೂಗು ಮುರೀತು ನೋಡ್ಕೊಳಿ.

ಅದೇ ಸೀಸನ್ ಫೈನಲ್ ಡಿಸೆಂಬರ್ 24, ಎದುರಾಳಿ ಯಾರು ಗೊತ್ತಾ, ಈ ಊರು ಬಿಟ್ಟು ಹೋಗಿದ್ದ ಅದೇ ರ್‍ಯಾಮ್ಸ್! 28-27 ಹಿಂದೆ ಇದ್ರು, 28 ಸೆಕೆಂಡ್ ಉಳಿದಿದ್ದಾಗ ಲೂ ಗ್ರೋಜಾ ಫೀಲ್ಡ್ ಗೋಲ್ ಒದ್ದು 30-28. ಕ್ವಾರ್ಟರ್‌ಬ್ಯಾಕ್ (ಬಾಲ್ ಎಸೆದು ಆಟ ನಡೆಸೋನು) ಆಟೋ ಗ್ರಹಾಂ ಆಡಿದ್ದು 10 ಸೀಸನ್, 10ರಲ್ಲೂ ಟೀಮು ಫೈನಲ್ ಆಡಿದೆ, 7 ಗೆದ್ದಿದೆ. ಟಾಮ್ ಬ್ರೇಡಿ ಬಗ್ಗೆ ಮಾತಾಡೋವಾಗ ಈ ಹೆಸರೂ ಒಂದ್ಸಲ ತಗೊಳಿ ಪ್ಲೀಸ್.

ಎರೀ_ದಂಡೆ:
ಸರ್ ಇದೆಲ್ಲಾ ಒಪ್ತೀನಿ, ಇದೆಲ್ಲಾ ನನ್ನ ವಾದಕ್ಕೇ ಸಪೋರ್ಟು. ಅಂಥಾ ಟೀಮಿಗೂ 99ರಿಂದ ಈಚೆ ಆಡ್ತಿರೋ ಈ ಟೀಮಿಗೂ ಏನ್ ಸಂಬಂಧ?

ಓದ್ಕೊಂಡಿರ್ತೀನಿ:
ಜಿಮ್ ಬ್ರೌನ್ ಬಗ್ಗೆ ಯಾರಾದ್ರೂ ಬರೀರಿ. ಅವರದ್ದು ಬರೀ ಅಂಕಿ ಅಲ್ಲ.

ಅಂಕಿಸಂಖ್ಯೆ:
ಅಂಕಿ ನಾನು ಹಾಕ್ತೀನಿ ಅಕ್ಕ, ಉಳಿದಿದ್ದು ಸೀಟು ಸರ್ ಬರೀಲಿ. 1957ರಿಂದ 65, ಬರೀ 9 ಸೀಸನ್. ಅದ್ರಲ್ಲಿ 8 ಸಲ ಲೀಗಲ್ಲೇ ಜಾಸ್ತಿ ಓಡಿದ್ದು ಅವರೇ. ಒಟ್ಟು 12,312 ಯಾರ್ಡ್, ಸರಾಸರಿ ಪ್ರತಿ ಸಲ ಬಾಲ್ ಹಿಡಿದಾಗ 5.2. ಒಂದೂ ಮ್ಯಾಚ್ ಮಿಸ್ ಮಾಡಿಲ್ಲ. 1963ರಲ್ಲಿ 14 ಮ್ಯಾಚಿಗೆ 1,863.

ಹಳೇ_ಸೀಟು:
ಜಿಮ್ ಬ್ರೌನ್ ಕಥೆ ಹೇಳ್ಬೇಕಂದ್ರೆ ಆರ್ಟ್ ಮಾಡೆಲ್ ಹೆಸರೂ ತಗೋಬೇಕು, ತಗೊಳ್ತೀನಿ, ಬಿಪಿ ಮಾತ್ರೆ ಆಗಿದೆ. 1961ರಲ್ಲಿ ಸುಮಾರು 40 ಲಕ್ಷ ಡಾಲರ್‌ಗೆ ಟೀಮ್ ಕೊಂಡ್ರು. ಇತ್ತ ಪಾಲ್ ಬ್ರೌನ್ ಓನರ್ ಮಾತು ಕೇಳೋ ಪೈಕಿ ಅಲ್ಲ. 1962ಕ್ಕೆ ಎರ್ನಿ ಡೇವಿಸ್ ಅನ್ನೋ ಹುಡುಗನ್ನ ತಂದ್ರು, ಕಾಲೇಜ್ ಫುಟ್‌ಬಾಲಿನ ಹೈಸ್ಮನ್ ಪ್ರಶಸ್ತಿ ಗೆದ್ದ ಮೊದಲ ಕಪ್ಪು ಆಟಗಾರ, ಜಿಮ್ ಬ್ರೌನ್ ಪಕ್ಕದಲ್ಲಿ ಅವನನ್ನೂ ಓಡಿಸ್ಬೇಕು ಅಂತ ಪ್ಲಾನು. ಅವನಿಗೆ ಲ್ಯುಕೇಮಿಯಾ. ಬ್ರೌನ್ಸ್ ಜರ್ಸೀಲಿ ಒಂದು ಮ್ಯಾಚೂ ಆಡದೆ 1963ರ ಮೇನಲ್ಲಿ 23ನೇ ವಯಸ್ಸಿಗೆ ಹೋಗಿಬಿಟ್ಟ. ಆಡೇ ಇಲ್ಲದವನ 45ನೇ ನಂಬರ್ ಇವತ್ತಿಗೂ ಯಾರಿಗೂ ಕೊಡಲ್ಲ. ಕಾಯಿಲೆ ಇದ್ದಾಗ ಅವನನ್ನ ಆಡಿಸ್ಬೇಕಾ ಬೇಡ್ವಾ ಅನ್ನೋದ್ರಲ್ಲೂ ಓನರ್ ಕೋಚ್ ನಡುವೆ ಕಿತ್ತಾಟ ಆಯ್ತು. 63ರ ಜನವರೀಲಿ, ಊರಿನ ಪೇಪರ್‌ಗಳೆಲ್ಲಾ ಮುಷ್ಕರದಲ್ಲಿ ಬಂದ್ ಆಗಿದ್ದ ಟೈಮಲ್ಲಿ, ಟೀಮಿಗೆ ಯಾರ ಹೆಸರಿತ್ತೋ ಅವರನ್ನೇ ಕೆಲಸದಿಂದ ತೆಗೆದ್ರು. ಪಾಲ್ ಬ್ರೌನ್ ಸುಮ್ನೆ ಕೂತವರಲ್ಲ, 1968ರಲ್ಲಿ ಸಿನ್ಸಿನಾಟಿ ಬೆಂಗಲ್ಸ್ ಕಟ್ಟಿದ್ರು, ಅದೂ ಕಿತ್ತಳೆ ಬಣ್ಣದಲ್ಲೇ.

64ರಲ್ಲಿ ಕಪ್ ಬಂತು ಅನ್ನೋದು ನಿಜ, ಬಾಲ್ಟಿಮೋರ್ ಕೋಲ್ಟ್ಸ್ ಮೇಲೆ 27-0. ಮೂರು ಟಚ್‌ಡೌನ್ ಪಾಸ್ ಎಸೆದ ಫ್ರ್ಯಾಂಕ್ ರಯಾನ್ ಗಣಿತದಲ್ಲಿ ಪಿಎಚ್‌ಡಿ ಮಾಡ್ತಿದ್ದವರು. ಇದೇ ಕೊನೇದು. ಎರಡು ವರ್ಷಕ್ಕೆ ಜಿಮ್ ಬ್ರೌನ್ ಇಂಗ್ಲೆಂಡಲ್ಲಿ ಸಿನಿಮಾ ಶೂಟಿಂಗಲ್ಲಿದ್ರು, ಶೂಟಿಂಗ್ ಲೇಟಾಗ್ತಿದೆ ಅಂದಾಗ ಮಾಡೆಲ್ ದಿನಕ್ಕಿಷ್ಟು ದಂಡ ಅಂದ್ರು, ಆ ಮನುಷ್ಯ ಅಲ್ಲಿಂದ್ಲೇ ರಿಟೈರ್ ಅಂದುಬಿಟ್ರು. 30 ವಯಸ್ಸು! ಫುಲ್ ಫಾರ್ಮಲ್ಲಿ!

ರೇವನ್ಸ್_ಭಟ್ರು:
ನಮಸ್ಕಾರ, ನಾನು ಬಾಲ್ಟಿಮೋರ್ ಹತ್ರ ಇರೋದು, ಕಲ್ಲು ಹೊಡೀಲಿಕ್ಕೆ ಶುರು ಮಾಡ್ಬೇಡಿ ಮಾರಾಯ್ರೆ. ಆ 27-0ರಲ್ಲಿ ಸೋತ ಕೋಲ್ಟ್ಸ್ ಕಥೆಯೂ ಸ್ವಲ್ಪ ಹೇಳಿ ಅಲ್ವಾ. 1984ರ ಮಾರ್ಚಲ್ಲಿ ರಾತ್ರೋರಾತ್ರಿ ಲಾರಿ ತಂದು ಸಾಮಾನೆಲ್ಲಾ ತುಂಬಿಸಿ ಇಂಡಿಯಾನಾಪೊಲಿಸ್‌ಗೆ ಹೋದದ್ದು. ಬೆಳಿಗ್ಗೆ ಎದ್ದು ನೋಡಿದ್ರೆ ಟೀಮ್ ಇಲ್ಲ. ಹೆಸರೂ ಹೋಯ್ತು, ನೀಲಿ ಕುದುರೆ ಲಾಳವೂ ಹೋಯ್ತು, ರೆಕಾರ್ಡೂ ಹೋಯ್ತು. ನಮ್ಮ ಕ್ವಾರ್ಟರ್‌ಬ್ಯಾಕ್ ಜಾನಿ ಯುನೈಟಸ್ ಬಾಲ್ಟಿಮೋರಲ್ಲಿ ಎಸೆದ ಪಾಸೆಲ್ಲಾ ಇವತ್ತಿಗೂ ಇಂಡಿಯಾನಾಪೊಲಿಸ್ ಪುಸ್ತಕದಲ್ಲಿ ಉಂಟು, ಪಾಪ ಆ ಮನುಷ್ಯ ಆ ಟೀಮಿಗೂ ನನಗೂ ಸಂಬಂಧವೇ ಇಲ್ಲ ಅಂತ ಕೊನೇವರೆಗೂ ದೂರವೇ ಇದ್ದದ್ದು. ನಿಮಗೆ ಕನಿಷ್ಠ ಇತಿಹಾಸ ಆದ್ರೂ ಉಳೀತು. ನಮಗೆ 12 ವರ್ಷ ಎಂತದೂ ಇರ್ಲಿಲ್ಲ.

ಹಳೇ_ಸೀಟು:
ಭಟ್ರೇ ನಿಮ್ಮ ನೋವು ನಿಜ. ಆದ್ರೆ ನೋವು ಗೊತ್ತಿದ್ದವರೇ ಇನ್ನೊಬ್ಬರ ಮನೆಗೆ ಹಾಗೆ ಮಾಡಿದ್ರಲ್ಲ ಅನ್ನೋದೇ ಹೊಟ್ಟೆ ಉರಿ.

ನಾನು ಎಂಬತ್ತರ ದಶಕದಲ್ಲಿ ಓದಕ್ಕೆ ಅಂತ ಒಹಾಯೋಗೆ ಬಂದವನು. ಮುನಿಸಿಪಲ್ ಸ್ಟೇಡಿಯಂ ಅಂದ್ರೆ ಲೇಕ್ ಎರೀ ದಡದಲ್ಲಿ 80 ಸಾವಿರ ಜನ ಹಿಡಿಯೋ ಹಳೇ ಕಬ್ಬಿಣದ ಗುಡಾಣ, ಅರ್ಧ ಸೀಟಿನ ಎದುರು ಕಂಬ, ಕೆರೆ ಗಾಳಿ ಮೂಳೆಗೆ ನಾಟೋದು. ಪೂರ್ವದ ಬ್ಲೀಚರ್ಸ್‌ನಲ್ಲಿ ಡಾಗ್ ಪೌಂಡ್, ಜನ ನಾಯಿ ಮುಖವಾಡ ಹಾಕ್ಕೊಂಡು ಎದುರಾಳಿ ಮೇಲೆ ನಾಯಿ ಬಿಸ್ಕತ್ ಎಸೆಯೋರು. ಶುರು ಮಾಡಿದ್ದು ಹ್ಯಾನ್‌ಫೋರ್ಡ್ ಡಿಕ್ಸನ್, ಫ್ರ್ಯಾಂಕ್ ಮಿನಿಫೀಲ್ಡ್ ಅನ್ನೋ ಇಬ್ಬರು ಡಿಫೆನ್ಸ್ ಹುಡುಗರು, ಪ್ರಾಕ್ಟೀಸಲ್ಲಿ ಬೊಗಳ್ತಿದ್ರು.

ನಾನು ಬರೋಕೆ ಮುಂಚೆ, 1981ರ ಜನವರಿ 4, ಓಕ್ಲಂಡ್ ರೇಡರ್ಸ್ ಮ್ಯಾಚು. ಮೈ ಕೊರೆಯೋ ಚಳಿ. 14-12 ಹಿಂದೆ, ಒಂದು ನಿಮಿಷಕ್ಕಿಂತ ಕಡಿಮೆ ಇದೆ, ಬಾಲು ಅವರ 13 ಯಾರ್ಡ್ ಗೆರೇಲಿ. ಫೀಲ್ಡ್ ಗೋಲ್ ಒದ್ರೆ ಗೆದ್ದಂಗೆ. ಆದ್ರೆ ಆ ಗಾಳೀಲಿ ಅವತ್ತು ಕಿಕ್ಕೆಲ್ಲಾ ಕೈಕೊಟ್ಟಿದ್ವು, ಅದಕ್ಕೆ ಇನ್ನೊಂದು ಪಾಸ್ ಎಸೀತೀವಿ ಅಂದ್ರು. ಯಾರೂ ಖಾಲಿ ಇಲ್ಲಾಂದ್ರೆ ಬಾಲನ್ನ ಕೆರೆಗೆ ಎಸ್ದುಬಿಡು ಅಂತ ಕೋಚ್ ಹೇಳಿದ್ರಂತೆ. ನಮ್ಮ ಕ್ವಾರ್ಟರ್‌ಬ್ಯಾಕ್ ಬ್ರಯನ್ ಸೈಪ್ ಆ ವರ್ಷದ ಎಂವಿಪಿ, ಅಂದ್ರೆ ಲೀಗಿನ ಬೆಸ್ಟ್ ಪ್ಲೇಯರ್, ಓಜಿ ನ್ಯೂಸಮ್‌ಗೆ ಎಸೆದ್ರು, ನಡುವೆ ರೇಡರ್ಸ್‌ನ ಮೈಕ್ ಡೇವಿಸ್ ಹಿಡಿದ. ರೇಡರ್ಸ್ ಹೋಗಿ ಸೂಪರ್ ಬೌಲ್, ಅಂದ್ರೆ ಈಗಿನ ಎನ್‌ಎಫ್‌ಎಲ್ ಫೈನಲ್, ಗೆದ್ರು.

87ರ ಜನವರಿ, ಗೆದ್ರೆ ಸೂಪರ್ ಬೌಲ್, ಡೆನ್ವರ್ ಮೇಲೆ 20-13 ಮುಂದೆ ಇದೀವಿ, ಐದೂವರೆ ನಿಮಿಷ ಬಾಕಿ, ಅವರ ಬಾಲು ಅವರದ್ದೇ 2 ಯಾರ್ಡ್ ಗೆರೇಲಿ. ಅಂದ್ರೆ ಇಡೀ ಮೈದಾನ ದಾಟ್ಬೇಕು. ಅವರ ಕ್ವಾರ್ಟರ್‌ಬ್ಯಾಕ್ ಜಾನ್ ಎಲ್ವೇ 98 ಯಾರ್ಡ್ ದಾಟಿಸಿ ಸಮ ಮಾಡಿದ, ಓವರ್‌ಟೈಮಲ್ಲಿ 23-20 ಸೋತ್ವಿ. ಮರುವರ್ಷ ಅವರ ಊರಲ್ಲಿ ಅದೇ ಮ್ಯಾಚು, 38-31 ಹಿಂದೆ, ಅರ್ನೆಸ್ಟ್ ಬೈನರ್ ಬಾಲ್ ಹಿಡ್ಕೊಂಡು ಗೆರೆಗೆ ಎರಡು ಮೂರು ಯಾರ್ಡ್ ದೂರದಲ್ಲಿದ್ದ, ಡೆನ್ವರ್‌ನವರು ಅವನ ಕೈಯಿಂದ ಬಾಲ್ ಜಾರಿಸಿಬಿಟ್ರು. ಕೈಗೆ ಬಂದ ತುತ್ತು ಬಾಯಿಗೆ ಬರ್ಲಿಲ್ಲ ಅಂತ ಗಾದೆ ಇದ್ಯಲ್ಲ, ಅಷ್ಟೇ. ಆದ್ರೆ ಬೈನರ್‌ನ ಬೈಯೋರಿಗೆ ಒಂದು ಮಾತು, 21-3 ಹಿಂದೆ ಇದ್ದ ಮ್ಯಾಚನ್ನ ಅಲ್ಲೀವರೆಗೆ ತಂದಿದ್ದೇ ಅವನು, 2 ಟಚ್‌ಡೌನ್, ಓಟ ಕ್ಯಾಚ್ ಸೇರಿ 187 ಯಾರ್ಡ್.

ಪೇಡೆ_ಪ್ರಿಯ:
ಯಪ್ಪಾ. ಇದು ನಮ್ಮ ಆರ್‌ಸಿಬಿ ಕಥಿನ ಆತಲ್ಲೋ.

ಅಂಕಿಸಂಖ್ಯೆ:
ಅಲ್ಲ ಗುರು. ಆರ್‌ಸಿಬಿ ಊರು ಬಿಟ್ಟು ಹೋಗ್ಲಿಲ್ಲ, 2025ರಲ್ಲಿ ಕಪ್ಪೂ ಬಂತು. ಬ್ರೌನ್ಸ್ ಇವತ್ತಿನ ತನಕ ಸೂಪರ್ ಬೌಲ್ ಮೈದಾನಕ್ಕೇ ಕಾಲಿಟ್ಟಿಲ್ಲ. ಹಾಗಿರೋದು 4 ಟೀಮು: ಬ್ರೌನ್ಸ್, ಡೆಟ್ರಾಯ್ಟ್ ಲಯನ್ಸ್, ಹ್ಯೂಸ್ಟನ್ ಟೆಕ್ಸನ್ಸ್, ಜ್ಯಾಕ್ಸನ್‌ವಿಲ್ ಜಾಗ್ವಾರ್ಸ್. ಕೊನೇ ಎರಡು ಹೊಸ ಟೀಮು, ಅವರನ್ನ ಬಿಡಿ.

ಎರೀ_ದಂಡೆ:
ಈಗ 1995ಕ್ಕೆ ಬನ್ನಿ. ಹೋಗಿದ್ದು ಯಾಕೆ? ದುಡ್ಡಿಗೆ ಅಷ್ಟೇನಾ?

ಹಳೇ_ಸೀಟು:
ದುಡ್ಡು, ಜೊತೆಗೆ ಜಂಬ. 1973ರಿಂದ ಸ್ಟೇಡಿಯಂ ನಡೆಸ್ತಿದ್ದಿದ್ದು ಮಾಡೆಲ್ ಕಂಪನಿ, ಬೇಸ್‌ಬಾಲ್ ಟೀಮು ಇಂಡಿಯನ್ಸ್ ಕೂಡ ಅಲ್ಲೇ ಬಾಡಿಗೆಗೆ. ಊರಿನವರು ಹೊಸ ಸ್ಟೇಡಿಯಂ ಕಟ್ಟೋ ಪ್ಲಾನ್ ತಂದಾಗ ಇವರು ನನಗೆ ಬೇಡ ಅಂದ್ರು. 1994ರಲ್ಲಿ ಇಂಡಿಯನ್ಸ್ ಹೊಸ ಮೈದಾನಕ್ಕೆ ಹೋದ್ರು, ಬಾಡಿಗೆ ನಿಂತ್ಹೋಯ್ತು, ಸಾಲ ಏರ್ತು. 95ರ ನವೆಂಬರ್ 6ಕ್ಕೆ ಬಾಲ್ಟಿಮೋರಲ್ಲಿ ನಿಂತು ಘೋಷಣೆ. ಮಾರನೇ ದಿನಾನೇ, ಗಮನಿಸಿ, ಮಾರನೇ ದಿನಾನೇ ಈ ಸ್ಟೇಡಿಯಂ ರಿಪೇರಿಗೆ ಸಿಗರೇಟು ಮದ್ಯದ ಮೇಲಿನ ತೆರಿಗೆ ಮುಂದುವರಿಸೋಣ್ವಾ ಅಂತ ಊರಲ್ಲಿ ವೋಟಿಂಗ್, ಜನ ಭಾರೀ ಬಹುಮತದಲ್ಲಿ ಹೂಂ ಅಂದ್ರು. ಅಂಥಾ ಜನಕ್ಕೆ ಮೂರು ನಾಮ.

ಡಿಸೆಂಬರ್ 17 ಕೊನೇ ಮ್ಯಾಚು, ಬೆಂಗಲ್ಸ್ ಮೇಲೆ 26-10 ಗೆದ್ರು. ಜನ ಸೀಟ್ ಕಿತ್ತು ಮೈದಾನಕ್ಕೆ ಎಸೆದ್ರು. ಬೇರೆ ಟೀಮಿಗೆ ಹೋಗಿ ವಾಪಸ್ ಬಂದಿದ್ದ ಬೈನರ್ ಅವತ್ತು 100 ಯಾರ್ಡ್ ಮೇಲೆ ಓಡಿ, ಮ್ಯಾಚ್ ಮುಗಿದ್ಮೇಲೆ ಡಾಗ್ ಪೌಂಡ್ ಹತ್ರ ಹೋಗಿ ಒಬ್ಬೊಬ್ಬರನ್ನೇ ತಬ್ಕೊಂಡ. ಎಂಟು ವರ್ಷ ಅವನನ್ನ ಶಪಿಸಿದ್ದ ಜನಾನೂ ಅಲ್ಲೇ ನಿಂತು ತಬ್ಕೊಂಡ್ರು. ಕೋಚ್ ಯಾರು ಅಂತ ಹೊಸಬರಿಗೆ ಗೊತ್ತಿರಲ್ಲ, ಬಿಲ್ ಬೆಲಿಚಿಕ್. ಅವರನ್ನ ಬಾಲ್ಟಿಮೋರ್‌ಗೂ ಕರ್ಕೊಂಡು ಹೋಗ್ಲಿಲ್ಲ, ಕೆಲಸದಿಂದ ತೆಗೆದ್ರು. ಆಮೇಲೆ ನ್ಯೂ ಇಂಗ್ಲೆಂಡಲ್ಲಿ 6 ಸೂಪರ್ ಬೌಲ್.

ರೇವನ್ಸ್_ಭಟ್ರು:
ಹೆಸರು, ಬಣ್ಣ, ರೆಕಾರ್ಡ್ ಕ್ಲೀವ್‌ಲ್ಯಾಂಡಿಗೇ ಬಿಡ್ಬೇಕು, 1999ರೊಳಗೆ ಹೊಸ ಟೀಮ್ ಕೊಡ್ಬೇಕು ಅಂತ 96ರ ಫೆಬ್ರವರಿಯಲ್ಲಿ ಒಪ್ಪಂದ ಆದದ್ದು ನಿಮ್ಮ ಊರಿನವರು ಕೋರ್ಟಿಗೆ ಹೋದದ್ದಕ್ಕೆ. ನಾವು ಅದನ್ನು ಕೇಳಲೂ ಇಲ್ಲ. ನಮ್ಮ ಪುಸ್ತಕ 1996ರಿಂದಲೇ ಶುರು. ಆದ್ರೆ ಒಂದು ಮಾತು ಹೇಳ್ತೇನೆ, ಇತಿಹಾಸ ನಿಮಗೆ ಬಂತು, ಬುದ್ಧಿ ನಮಗೆ ಬಂತು. ನಿಮ್ಮ ಹಳೇ ಆಟಗಾರ ಓಜಿ ನ್ಯೂಸಮ್ ನಮ್ಮ ಕಡೆ ಬಂದು ಮೊದಲ ಡ್ರಾಫ್ಟಲ್ಲೇ (ಕಾಲೇಜ್ ಹುಡುಗರನ್ನು ಟೀಮುಗಳು ಆರಿಸೋದು) ಜೊನಾಥನ್ ಓಗ್ಡೆನ್, ರೇ ಲೂಯಿಸ್ ಇಬ್ಬರನ್ನೂ ತಂದದ್ದು, ಇಬ್ಬರೂ ಹಾಲ್ ಆಫ್ ಫೇಮ್. 2000ದ ಸೀಸನ್‌ಗೆ ಸೂಪರ್ ಬೌಲ್, 34-7.

ಓದ್ಕೊಂಡಿರ್ತೀನಿ:
ಭಟ್ರು ಕಲ್ಲು ಹೊಡೀಬೇಡಿ ಅಂತ ಬಂದು ಬಂಡೇನೇ ಎತ್ತಾಕಿದ್ರು 😄 ಆ ಇಬ್ಬರು ಇಲ್ಲೇ ಆಡ್ಬೇಕಿತ್ತು ಅನ್ನೋದನ್ನ ನಮ್ಮೂರಲ್ಲಿ ಬಾರ್ಬರ್ ಶಾಪಲ್ಲೂ ಹೇಳ್ತಾರೆ. ಮಾಡೆಲ್‌ಗೆ ಇನ್ನೂ ಹಾಲ್ ಆಫ್ ಫೇಮ್ ಸಿಕ್ಕಿಲ್ಲ, ಆ ವಿಚಾರದಲ್ಲಿ ಊರಿಗೆ ಊರೇ ಒಗ್ಗಟ್ಟು.

ನಾನು ಹುಟ್ಟಿ ಬೆಳೆದಿದ್ದು ಇಲ್ಲೇ, ಮನೇಲಿ ಕನ್ನಡ, ಹೊರಗೆ ಬ್ರೌನ್ಸ್. ನನಗೆ ನೆನಪಿರೋದೆಲ್ಲಾ 99ರ ನಂತರದ್ದೇ. ವಾಪಸ್ ಬಂದ ಮೊದಲ ಮ್ಯಾಚಲ್ಲೇ ಪಿಟ್ಸ್‌ಬರ್ಗ್ ಸ್ಟೀಲರ್ಸ್ 43-0 ಹೊಡೆದ್ರು, ಅದೂ ನಮ್ಮ ಊರಲ್ಲೇ. 2002ರ ಸೀಸನ್‌ಗೆ ಪ್ಲೇಆಫ್, ಅದೇ ಸ್ಟೀಲರ್ಸ್ ಮೇಲೆ 24-7 ಮುಂದೆ ಇದ್ದು 36-33 ಸೋಲು. ಆಮೇಲೆ 2020ರ ತನಕ ಪ್ಲೇಆಫ್ ಮುಖ ನೋಡಿಲ್ಲ. 99ರಿಂದ ಈಚೆ ಸ್ಟಾರ್ಟ್ ಮಾಡಿದ ಕ್ವಾರ್ಟರ್‌ಬ್ಯಾಕ್‌ಗಳು 40ರ ಆಸುಪಾಸು, ಇಷ್ಟು ಜನಾನ್ನ ಬದಲಾಯಿಸಿದ ಟೀಮು ಗೆಲ್ಲೋದು ಹೇಗೆ ಹೇಳಿ.

2016ರಲ್ಲಿ 1-15. 2017ರಲ್ಲಿ 0-16. ಆಗ ಊರವರು ಏನ್ ಮಾಡಿದ್ರು ಗೊತ್ತಾ, ಮೆರವಣಿಗೆ! ಪರ್ಫೆಕ್ಟ್ ಸೀಸನ್ ಪರೇಡ್ ಅಂತ, 2018ರ ಜನವರಿ 6, ಕೊರೆಯೋ ಚಳೀಲಿ ಸಾವಿರಾರು ಜನ ಸ್ಟೇಡಿಯಂ ಸುತ್ತ ಸೊನ್ನೆ ಆಕಾರದಲ್ಲಿ ಒಂದು ಸುತ್ತು ಬಂದ್ರು, ಟೀಮಿನ ಶವಪೆಟ್ಟಿಗೆ ಹೊತ್ತವರಿದ್ರು, ಸಂಗ್ರಹ ಆದ ದುಡ್ಡು ಫುಡ್ ಬ್ಯಾಂಕಿಗೆ ಹೋಯ್ತು. ಆ ವರ್ಷ ಸೆಪ್ಟೆಂಬರ್ 20ಕ್ಕೆ ಜೆಟ್ಸ್ ಮೇಲೆ 14-0 ಹಿಂದೆ, ಕ್ವಾರ್ಟರ್‌ಬ್ಯಾಕ್ ಟೈರಾಡ್ ಟೇಲರ್‌ಗೆ ಪೆಟ್ಟಾಯ್ತು, ಬೇಕರ್ ಮೇಫೀಲ್ಡ್ ಒಳಗೆ ಬಂದ, 21-17 ಗೆದ್ವಿ. 635 ದಿನದ ಮೇಲೆ ಮೊದಲ ಗೆಲುವು. ಗೆದ್ರೆ ಮಾತ್ರ ಬೀಗ ತೆಗೆಯೋ ಬಿಯರ್ ಫ್ರಿಜ್‌ಗಳನ್ನ ಕಂಪನಿಯವರು ಊರ ತುಂಬಾ ಇಟ್ಟಿದ್ರು, ಅವತ್ತು ತೆಗೆದ್ವು.

ಎರೀ_ದಂಡೆ ಅವರೇ, 1946 ನನ್ನದಲ್ಲ ಅಂತ ಹೇಳ್ತೀರಲ್ಲ, ಆ ಮೆರವಣಿಗೇಲಿ ಜನ ಹಾಕ್ಕೊಂಡಿದ್ದ ಜರ್ಸೀಲಿ ಎಷ್ಟೋ 32 ನಂಬರ್, ಜಿಮ್ ಬ್ರೌನ್‌ದು. 0-16 ಟೀಮಿನ ಯಾವ ಹೊಸ ಹುಡುಗನ ಹೆಸರಲ್ಲೂ ಅಷ್ಟು ಕಾಣ್ಲಿಲ್ಲ ನನಗೆ.

ಅಂಕಿಸಂಖ್ಯೆ:
2020 ಬಿಟ್ರಲ್ಲ ಅಕ್ಕ. 11-5, ಹೊಸ ಕೋಚ್ ಕೆವಿನ್ ಸ್ಟೆಫಾನ್ಸ್ಕಿ, ಪ್ಲೇಆಫ್ ಪಿಟ್ಸ್‌ಬರ್ಗಲ್ಲಿ. ಕೋಚ್‌ಗೆ ಕೋವಿಡ್, ಮನೆ ಬೇಸ್‌ಮೆಂಟಲ್ಲಿ ಕೂತು ಟಿವಿ ನೋಡ್ತಿದ್ರು. ಮೊದಲನೇ ಪ್ಲೇನಲ್ಲೇ ಬಾಲ್ ಹಿಂದಕ್ಕೆ ಕೊಡೋ ಸ್ಟೀಲರ್ಸ್ ಸೆಂಟರ್ ಅದನ್ನ ಕ್ವಾರ್ಟರ್‌ಬ್ಯಾಕ್ ತಲೆ ಮೇಲಿಂದ ಹಾರಿಸಿಬಿಟ್ಟ, ನಮ್ಮವರು ಬಿದ್ದು ಹಿಡಿದು ಟಚ್‌ಡೌನ್. ಮೊದಲ ಕ್ವಾರ್ಟರ್ 28-0, ಕೊನೆಗೆ 48-37. ಮುಂದಿನ ವಾರ ಕ್ಯಾನ್ಸಸ್ ಸಿಟಿ ಹತ್ರ 22-17 ಸೋಲು.

ಅದರ ಮೇಲೆ ಕಟ್ಟೋದು ಬಿಟ್ಟು 2022ರಲ್ಲಿ ಡಿಶಾನ್ ವಾಟ್ಸನ್ ಅನ್ನೋ ಕ್ವಾರ್ಟರ್‌ಬ್ಯಾಕ್‌ಗೆ ಡ್ರಾಫ್ಟಿನ 3 ಫಸ್ಟ್ ರೌಂಡ್ ಪಿಕ್ ಕೊಟ್ಟು ತಂದು 23 ಕೋಟಿ ಡಾಲರ್ ಗ್ಯಾರಂಟಿ ಬರ್ಕೊಟ್ರು. 20ಕ್ಕೂ ಹೆಚ್ಚು ಮಹಿಳೆಯರು ಲೈಂಗಿಕ ದುರ್ವರ್ತನೆ ಆರೋಪದ ಮೇಲೆ ಸಿವಿಲ್ ಕೇಸ್ ಹಾಕಿದ್ದ ಹೊತ್ತಲ್ಲಿ. ಬಂದ ವರ್ಷಾನೇ 11 ಮ್ಯಾಚ್ ಸಸ್ಪೆಂಡು, ಆಮೇಲೆ ಗಾಯದ ಮೇಲೆ ಗಾಯ.

ಓದ್ಕೊಂಡಿರ್ತೀನಿ:
ಆ ವರ್ಷ ನಮ್ಮಮ್ಮ ಟಿವಿ ಆನ್ ಮಾಡೋದೇ ನಿಲ್ಲಿಸಿದ್ರು. ಸೋತಿದ್ದಕ್ಕಲ್ಲ, ಸೋಲು ನೋಡಿ ನೋಡಿ ಅಭ್ಯಾಸ ಆಗಿತ್ತು.

ರೇವನ್ಸ್_ಭಟ್ರು:
ಈಗ ಮತ್ತೆ ಸ್ಟೇಡಿಯಂ ಗಲಾಟೆ ಉಂಟಲ್ಲ ನಿಮ್ಮಲ್ಲಿ?

ಹಳೇ_ಸೀಟು:
ಹೌದು, ಕೆರೆ ದಂಡೆ ಬಿಟ್ಟು ಏರ್‌ಪೋರ್ಟ್ ಪಕ್ಕದ ಬ್ರೂಕ್ ಪಾರ್ಕ್‌ಗೆ ಹೋಗ್ತಾರಂತೆ, ಮೇಲೆ ಮುಚ್ಚಿದ ಸ್ಟೇಡಿಯಂ. ರಾಜ್ಯ ಸರ್ಕಾರ 60 ಕೋಟಿ ಡಾಲರ್ ಕೊಡಕ್ಕೆ ಒಪ್ಪಿದೆ, ಜನ ವಾಪಸ್ ಕೇಳದೆ ಬಿಟ್ಟ ಠೇವಣಿ ಅದೂ ಇದೂ ದುಡ್ಡಿಂದ. ಮಾಡೆಲ್ ಹೋದ್ಮೇಲೆ ಇನ್ಮುಂದೆ ಹೀಗಾಗಬಾರದು ಅಂತ ಒಹಾಯೋದಲ್ಲಿ ಒಂದು ಕಾನೂನೇ ಮಾಡಿದ್ರು, ತೆರಿಗೆ ದುಡ್ಡಲ್ಲಿ ಆಡೋ ಟೀಮು ಊರು ಬಿಡೋಕೆ ಮುಂಚೆ 6 ತಿಂಗಳು ನೋಟಿಸ್ ಕೊಡ್ಬೇಕು, ಊರವರಿಗೆ ಕೊಳ್ಳೋ ಅವಕಾಶ ಕೊಡ್ಬೇಕು ಅಂತ. ಜನ ಅದನ್ನ ಕರೆಯೋದೇ ಮಾಡೆಲ್ ಕಾನೂನು ಅಂತ. 2025ರಲ್ಲಿ ಅದನ್ನೂ ಸಡಿಲ ಮಾಡಿದ್ರು. ಬ್ರೂಕ್ ಪಾರ್ಕ್ ದೂರ ಏನಲ್ಲ, ಬಾಲ್ಟಿಮೋರ್ ಅಲ್ವಲ್ಲ ಅಂತ ಹೇಳೋರಿದಾರೆ. ನನಗೆ ಕೆರೆ ಗಾಳಿ ಇಲ್ಲದ ಬ್ರೌನ್ಸ್ ಮ್ಯಾಚು ಅಂದ್ರೆ ಮಾಲಲ್ಲಿ ಸಿನಿಮಾ ನೋಡಿದಂಗೆ.

ಎರೀ_ದಂಡೆ:
ಸರಿ, ನಿಮ್ಮೆಲ್ಲರ ಮಾತು ಒಂದೇ, ರೆಕಾರ್ಡು ಊರಿನ ಆಸ್ತಿ, ಓನರ್‌ದಲ್ಲ. ಹಾಗಿದ್ರೆ ಒಂದು ಪ್ರಶ್ನೆ. 1945ರ ಡಿಸೆಂಬರಲ್ಲಿ ಇದೇ ಮುನಿಸಿಪಲ್ ಸ್ಟೇಡಿಯಂನಲ್ಲಿ ಕ್ಲೀವ್‌ಲ್ಯಾಂಡ್ ರ್‍ಯಾಮ್ಸ್ 15-14ರಲ್ಲಿ ವಾಷಿಂಗ್ಟನ್ ಮೇಲೆ ಗೆದ್ದು ಎನ್‌ಎಫ್‌ಎಲ್ ಚಾಂಪಿಯನ್ ಆದ್ರು. ಸ್ಯಾಮಿ ಬಾ ಎಸೆದ ಬಾಲು ಅವರದ್ದೇ ಗೋಲ್ ಕಂಬಕ್ಕೆ ಬಡಿದು 2 ಪಾಯಿಂಟ್ ಸಿಕ್ತಲ್ಲ, ಆಮೇಲೆ ರೂಲೇ ಬದಲಾಯಿಸಿದ್ರಲ್ಲ, ಆ ಮ್ಯಾಚು. ಮುಂದಿನ ತಿಂಗಳೇ ಊರು ಬಿಟ್ರು. ಆ ಟೈಟಲ್ ಇವತ್ತಿಗೂ ಲಾಸ್ ಏಂಜಲೀಸ್ ಲೆಕ್ಕದಲ್ಲಿದೆ. ಅದೂ ಊರಿನ ಆಸ್ತಿ ಅಲ್ವಾ? ಅದನ್ನ ಯಾಕೆ ಯಾರೂ ಕೇಳಲ್ಲ?

ಅಂಕಿಸಂಖ್ಯೆ:
1946ರಲ್ಲಿ ಯಾರೂ ಕೋರ್ಟಿಗೆ ಹೋಗ್ಲಿಲ್ಲ ಅದಕ್ಕೆ.

ಹಳೇ_ಸೀಟು:
ಹೋಗೋ ಅಗತ್ಯ ಇರ್ಲಿಲ್ಲ ಮಾರಾಯ. ಆ ಸೆಪ್ಟೆಂಬರಲ್ಲೇ ಪಾಲ್ ಬ್ರೌನ್ ಟೀಮು ಅದೇ ಮೈದಾನದಲ್ಲಿ ಮೊದಲ ಮ್ಯಾಚ್ 44-0 ಗೆದ್ದಿತ್ತು, ರ್‍ಯಾಮ್ಸ್ ನೆನಪು ಯಾರಿಗೆ ಬೇಕಿತ್ತು.

ರೇವನ್ಸ್_ಭಟ್ರು:
ಹಾಂ, ಈಗ ಗೊತ್ತಾಯ್ತಲ್ಲ. 99ರಲ್ಲಿ ಮೊದಲ ಮ್ಯಾಚ್ 43-0 ಗೆದ್ದಿದ್ರೆ ನೀವೂ ಮಾಡೆಲ್ ಹೆಸರು ಮರೀತಿದ್ರಿ.

ಹಳೇ_ಸೀಟು:
ಭಟ್ರೇ, ಮರೆಯೋದಿಲ್ಲ. ಆದ್ರೆ ಬಿಪಿ ಮಾತ್ರೆ ಅರ್ಧ ಸಾಕಾಗ್ತಿತ್ತು.